ಬಲಗಡೆಯ ಜೇಬು

"ಮಾಸ್ಟರ್, ಇದರ ಕೆಳಗೆ ಸುಳ್ಳು ವಿಡಿಯೋ ಅಂತ ಬರೆದದ್ದು ನೀವೇ ತಾನೇ?" ಪೇಂಟರನ ಹೆಂಡತಿ ಫೋನನ್ನು ಟೈಲರ್ ಮುಂದೆ ಹಿಡಿದಳು. ಅದರಲ್ಲಿ ಒಬ್ಬ ಮೂರನೇ ಮಹಡಿಯಿಂದ ಕೆಳಗೆ ಬೀಳುತ್ತಿದ್ದ.

ನಮ್ಮ ಟೈಲರೋ, ಬೆಳಗಾದದ್ದನ್ನೂ ಭೂತಗನ್ನಡಿ ಹಿಡಿದು ಪರೀಕ್ಷಿಸಿಯೇ ನಂಬುವ ಮಹಾಶಯ! "ನಾನೇ ಕಣಮ್ಮ! ಅಂಗಿಗೆ ಬಲಗಡೆ ಜೇಬು ಯಾರಾದ್ರೂ ಇಡ್ತಾರಾ? ಬೀಳ್ತಿರೋದು ಬರೀ ಬೊಂಬೆ. ಇಡೀ ಭೂಮಂಡಲವೇ ನನ್ನ ಮಾತು ಒಪ್ಪಿದೆ" ಎಂದು ಮೀಸೆ ತಿರುವಿದ.

"ಕಂಟ್ರಾಕ್ಟರೂ ಒಪ್ಪಿದ್ದಾನೆ. ನೀವು ಬರೆದದ್ದನ್ನೇ ತೋರಿಸಿ, ನಮ್ಮನೆಯವರು ಕೆಲಸದಲ್ಲಿ ಬಿದ್ದೇ ಇಲ್ಲ, ಮನೇಲಿ ಜಾರಿ ಸೊಂಟ ಮುರ್ಕೊಂಡ್ರು ಅಂತಾನೆ. ಅವರದ್ದು ಎಡಗೈ ಅಲ್ವಾ ಮಾಸ್ಟರ್? ಜೇಬು ಬಲಕ್ಕಿಡಿ ಅಂದಾಗ ಎಷ್ಟು ನಕ್ಕಿದ್ರಿ ನೀವು!"

ಹನ್ನೆರಡು ಬೀದಿಗೆ ಕೇಳುವ ಬಾಯಿಯ ಟೈಲರ್ ಆಕೆಯ ಫೋನಿನಲ್ಲಿ ವಿಡಿಯೋ ನಿಲ್ಲಿಸಿದ. ಚಿತ್ರವನ್ನು ದೊಡ್ಡದು ಮಾಡಿ ನೋಡಿದ. ಬಣ್ಣದ ಕಲೆಗಳ ನಡುವೆ ಜೇಬಿನ ಅಂಚಿನ ಹೊಲಿಗೆ ಅವನ ಕೈಯದೇ. ಆಕೆಯ ಮುಖ ನೋಡಲಾಗದೆ, ತನ್ನ ಫೋನು ತೆಗೆದು ಅದೇ ವಿಡಿಯೋದ ಕೆಳಗೆ ಬರೆದ: "ವಿಡಿಯೋ ನಿಜ. ತಪ್ಪು ನನ್ನದು. ಆ ಅಂಗಿ ಹೊಲಿದವನೇ ನಾನು."

ರೆಪ್ಪೆ ಬಡಿಯುವಷ್ಟರಲ್ಲಿ ಉತ್ತರಗಳ ಪ್ರವಾಹವೇ ಹರಿಯಿತು. ಮೊದಲನೆಯದನ್ನು ಆಕೆಯೇ ಗಟ್ಟಿಯಾಗಿ ಓದಿದಳು: "ಸುಳ್ಳು ಹೇಳೋಕೆ ಎಷ್ಟು ಇಸ್ಕೊಂಡೆ ಗುರೂ?"