ಗಟ್ಟಿ ಕಾಫಿ

ಎಲ್ಲರೂ ಮಲಗಿದ ಮೇಲೂ ಫಿಲ್ಟರಿನಲ್ಲಿ ಡಿಕಾಕ್ಷನ್ ತೊಟ್ಟಿಕ್ಕುವ ಸದ್ದು ನನಗೆ ಕೇಳುತ್ತಿತ್ತು. ಮೊದಲ ಡಿಕಾಕ್ಷನ್ ಯಾವಾಗಲೂ ಗಂಡಸರಿಗೆ. ಅದೇ ಪುಡಿಗೆ ಮತ್ತೆ ಬಿಸಿನೀರು ಹುಯ್ದು ಇಳಿಸಿದ ಎರಡನೆಯದು ನನಗೆ. ಒಮ್ಮೆ ಗಟ್ಟಿ ಕಾಫಿ ಕೇಳಿದ್ದಕ್ಕೆ ಅತ್ತೆ, “ನಿಮ್ಮಪ್ಪನ ಮನೇಲಿ ಕುಡಿ ಹೋಗು” ಎಂದಿದ್ದರು.

ಈಗ ಅವರ ಕಾಲು ಮುರಿದಿತ್ತು, ಅಡುಗೆಮನೆ ನನ್ನ ಕೈಗೆ ಬಂದಿತ್ತು. ಬೆಳಿಗ್ಗೆ ಬೇಕೆಂದೇ ಎರಡನೆಯದನ್ನು ಅವರಿಗೆ ಕೊಟ್ಟು, ಅವರು ಮುಖ ಕಿವುಚುವುದನ್ನು ನೋಡಲೆಂದು ಎದುರಿಗೇ ನಿಂತೆ.

“ಹೇಗಿದೆ ಅತ್ತೆ?”

ಅವರು ಲೋಟ ಖಾಲಿ ಮಾಡಿಯೇ ಕೆಳಗಿಟ್ಟರು.

“ಮೊದಲನೇದನ್ನೇ ಕೊಟ್ಬಿಟ್ಯೇನೇ? ನಿನಗೆ ತೆಗೆದಿಟ್ಟ ಮೇಲೆ ಉಳಿದ ಚರಟಕ್ಕೆ ನೀರು ಹುಯ್ಕೊಂಡು ಕುಡಿದೂ ಕುಡಿದೂ, ನನಗೆ ಕಾಫಿ ರುಚಿನೇ ಮರೆತುಹೋಗಿತ್ತು.”

“ಹೂಂ ಅತ್ತೆ, ಮೊದಲನೇದೇ” ಎಂದೆ. ನಿಜವನ್ನು ಯಾರಿಗೂ ಹೇಳುವುದಿಲ್ಲ.