ವೀರಭದ್ರನ ಬಡಿಗೆ

ಮೂರನೆಯ ಏಟಿಗೆ ಕುಬೇರಪ್ಪನ ತಲೆ ಒಡೆಯಿತು. ಆದರೂ ಅವನು ಮುಗಿದ ಕೈ ಬಿಡಲಿಲ್ಲ.

ಬಿಡುವುದಾದರೂ ಹೇಗೆ? ಮಡಿವಾಳೆಪ್ಪಜ್ಜನ ಮಠದ ಪದ್ಧತಿಯೇ ಹಾಗೆ. ವೀರಭದ್ರ ಮೈಮೇಲೆ ಬಂದವರು ಹೊಡೆದರೆ ತಲೆ ಬಾಗಿಸಿ ತಿನ್ನಬೇಕು. ಅಡ್ಡ ಕೈ ತಂದವನ ವಂಶ ಉಳಿಯದು. ನಲವತ್ತು ವರ್ಷದಿಂದ ಅಜ್ಜ ಸೋಮವಾರಕ್ಕೊಮ್ಮೆ ಮೈದುಂಬಿ ಹೇಳಿಕೆ ಹೇಳುತ್ತಿದ್ದ, ಹೊಡೆಯುತ್ತಿದ್ದ. ಹೆಂಡತಿಯನ್ನು ಬಡಿಯುವವನಿಗೆ, ಕೂಲಿ ಮುರಿಯುವವನಿಗೆ ಬಡಿಗೆ. ಬಸುರಿಗೆ, ಬಡವನಿಗೆ ವಿಭೂತಿ. ಉಳಿದ ದಿನ ಪಾಪ, ಬಾವಿಕಟ್ಟೆಯ ಮೇಲೆ ಕೂತು ನೀರಿಗೆ ಬಂದ ಹೆಂಗಸರ ಗೋಳು ಕೇಳುವ ಮುದುಕ. ಆದರೆ ಸೋಮವಾರದ ಏಟು ಒಮ್ಮೆಯೂ ತಪ್ಪಿದ್ದಿಲ್ಲ. ದೇವರ ಕಣ್ಣೇ ಕಣ್ಣು ಎನ್ನುತ್ತಿದ್ದರು ದುಮ್ಮವಾಡದ ಕಡೆಯ ಮಂದಿ.

ಈ ಸೋಮವಾರ ಬಡಿಗೆ ಇದ್ದದ್ದು ರೇವವ್ವನ ಕೈಯಲ್ಲಿ. ಮಠದ ಕಸ ಹೊಡೆಯುವವಳು ಅವಳು. ಹೊಲದ ಬದುವಿನ ಜಗಳದಲ್ಲಿ ಅವಳ ಗಂಡ ಬಸಣ್ಣನನ್ನು ಕುಬೇರಪ್ಪ ಕೊಡಲಿಯಿಂದ ಕಡಿದು ಕೊಂದಿದ್ದ. ಸಾಕ್ಷಿಗಳು ಹೆದರಿ ಕೋರ್ಟಿನಲ್ಲಿ ಮಾತು ತಿರುಗಿಸಿದರು. ಎಂಬತ್ಮೂರರ ಸುಗ್ಗಿಗೆ ಅವನು ಬಿಡುಗಡೆಯಾಗಿ ಬಂದು ಊರಿಗೆಲ್ಲ ಪೇಢೆ ಹಂಚಿದ. ರೇವವ್ವನ ಕೈಗೂ ಒಂದು ಇಟ್ಟ.

ಅವತ್ತಿನಿಂದ ಅವಳಿಗೆ ಬೇಕಾದದ್ದು ಅವನ ಹೆಣ. ಹಾವೂ ಸಾಯಬೇಕು, ಕೋಲೂ ಮುರಿಯಬಾರದು. ಅಂಥ ಕೋಲು ಊರಲ್ಲಿ ಇದ್ದದ್ದು ಒಂದೇ.

ಹೋದ ವಾರದ ಹೇಳಿಕೆಯಲ್ಲಿ ಕುಬೇರಪ್ಪನಿಗೆ ಮುಂದಿನ ಸಾಲಿನಲ್ಲಿ ಬಂದು ಕೂರಲು ಅಪ್ಪಣೆಯಾಗಿತ್ತು. ಬಂದು ಕೂತ. ಪೂಜೆಯ ನಡುವೆ ಅಜ್ಜ, ಕೈ ನಡುಗುತ್ತದೆ, ಇದನ್ನಷ್ಟು ಹಿಡಿ ಎಂದು ಬಡಿಗೆಯನ್ನು ರೇವವ್ವನಿಗೆ ಕೊಟ್ಟ. ಇನ್ನೇನು ಬೇಕು ಅವಳಿಗೆ? ಕೂದಲು ಬಿಚ್ಚಿದಳು, ಕಣ್ಣು ಮೇಲೆ ಮಾಡಿದಳು, ಥೇಟ್ ಅಜ್ಜನ ಹಾಗೆ ಹೂಂಕರಿಸಿದಳು.

ಐದನೆಯ ಏಟಿಗೆ ಕುಬೇರಪ್ಪ ಕೈ ಮುಗಿದುಕೊಂಡೇ ಮಗುಚಿ ಬಿದ್ದ. ರಕ್ತ ಹೊಸ್ತಿಲ ತನಕ ಹರಿಯಿತು.

ಅವನ ತಮ್ಮ ಉಡಚಪ್ಪ ಕುಡಗೋಲು ಎಳೆದು ಮುಂದೆ ಬಂದ.

"ಇಕಿ ಬಸಣ್ಣನ ಹೇಣ್ತಿ. ದೇವರು ಬಂದೈತೋ, ಸೋಗು ಹಾಕ್ಯಾಳೋ, ಅಜ್ಜಾರ ಹೇಳ್ಲಿ."

ರೇವವ್ವ ಅಜ್ಜನ ಕಡೆ ನೋಡಿದಳು. ದೇವರು ಬಂದಿಲ್ಲ ಎಂದು ಅಜ್ಜ ಹೇಳಿದರೆ ಇಲ್ಲೇ ಅವಳನ್ನು ತುಂಡು ಮಾಡುತ್ತಾರೆ. ನಲವತ್ತು ವರ್ಷ ದೇವರನ್ನು ಹೊತ್ತವನ ಮುಂದೆ ಸೋಗು ನಿಲ್ಲುತ್ತದೆಯೇ?

ಅಜ್ಜ ಎದ್ದು ಬಂದ. ಅವಳ ಕಣ್ಣನ್ನೇ ನೋಡಿದ. ಆಮೇಲೆ ಬಾಗಿ ಅವಳ ಪಾದ ಮುಟ್ಟಿದ.

ಉಡಚಪ್ಪನ ಕುಡಗೋಲು ಕೆಳಗೆ ಬಿತ್ತು. ಮಂದಿಯೆಲ್ಲ ಅಡ್ಡಬಿದ್ದರು. ಮಧ್ಯಾಹ್ನ ಠಾಣೆಯಿಂದ ಬಂದ ಫೌಜದಾರನೂ ಕುಬೇರಪ್ಪ ಮೆಟ್ಟಿಲಲ್ಲಿ ಜಾರಿಬಿದ್ದು ಸತ್ತನೆಂದು ಬರೆದುಕೊಂಡು, ವಿಭೂತಿ ಹಚ್ಚಿಸಿಕೊಂಡು ಹೋದ. ದೇವರ ಮೇಲೆ ಯಾವ ಕಲಮು ಹಾಕುತ್ತಾನೆ?

ಸಂಜೆ ಹೊಸ್ತಿಲು ತೊಳೆಯುತ್ತಿದ್ದ ರೇವವ್ವನಿಗೆ ತಡೆಯಲಾಗಲಿಲ್ಲ. ಓಡಿ ಹೋಗಿ ಅಜ್ಜನ ಕಾಲು ಹಿಡಿದಳು.

"ತಪ್ಪಾತ್ರಿ ಅಜ್ಜಾರ. ನನ್ನ ಮೈಮ್ಯಾಲೆ ಯಾರೂ ಬಂದಿದ್ದಿಲ್ರಿ."

ಅಜ್ಜ ಬಡಿಗೆಯನ್ನು ಒರೆಸಿ ಮತ್ತೆ ಅವಳ ಕೈಗೇ ಇಟ್ಟ.

"ಬರೂ ಸೋಮವಾರದಿಂದ ಈ ಗಾದಿ ನಿಂದು. ನಲವತ್ತು ವರ್ಷದಾಗ ನನ್ನ ಮೈಮ್ಯಾಲೂ ಯಾರೂ ಬಂದಿಲ್ಲ, ಯವ್ವಾ."