ಕಾಕಾ ತಿದ್ದಿದ ಪತ್ರ

ಲಕೋಟೆಯ ಅಂಟಿನ ವಾಸನೆಗೆ ಇಂದಿಗೂ ನನಗೆ ವಾಕರಿಕೆ ಬರುತ್ತದೆ.

ಆ ಮಧ್ಯಾಹ್ನ ಇಳಕಲ್ಲಿನ ಮನೆಯಲ್ಲಿ, ಮಗ್ಗದ ಪಕ್ಕ ಕೌದಿಯ ಮೇಲೆ ಮಲಗಿದ್ದ ಅವ್ವ ಕಲಾದಗಿಯ ದೊಡ್ಡವ್ವನಿಗೆ ನನ್ನಿಂದ ಪತ್ರ ಬರೆಸಿದಳು: "ಅಕ್ಕಾ, ಭಾಳ ಆರಾಮಿಲ್ಲ. ಉಟ್ಟ ಸೀರಿ ಮ್ಯಾಲ ಬಾ."

ಮಾಸ್ತರನಾಗಿದ್ದ ಕಾಕಾ ಓದಿ ಮೂಗು ಮುರಿದ. "ಥೂ, ಪತ್ರದಾಗ ಹಿಂಗ ಬರೀತಾರೇನ?" ಎಲೆಯಡಿಕೆ ಜಗಿಯುತ್ತ ಅವ್ವನ ಮಾತುಗಳನ್ನೆಲ್ಲ ಹೊಡೆದು, 'ದೇಹಾಲಸ್ಯವಾಗಿದೆ, ಅನುಕೂಲವಾದಾಗ ಆಗಮಿಸುವುದು' ಎಂದು ಬರೆದ, ಕೆಂಪು ಎಂಜಲು ಕಾಗದದ ಮೇಲೂ ಸಿಡಿಯಿತು. ನಾನು ಅದನ್ನು ದುಂಡಗೆ ನಕಲು ಮಾಡಿ, ಅಂಟು ನೆಕ್ಕಿ ಮುಚ್ಚಿದೆ.

ಹತ್ತಿ ಬಿಡಿಸುವುದು ಮುಗಿಸಿಕೊಂಡು ದೊಡ್ಡವ್ವ ಬಂದಾಗ, ಅವ್ವನನ್ನು ಮಣ್ಣು ಮಾಡಲು ಹೋದವರೆಲ್ಲ ಆಗತಾನೆ ಮರಳಿದ್ದರು. "ಅನುಕೂಲ ಆದಾಗ ಬಾ ಅಂತಿತ್ತಲ್ಲಾ!" ಎಂದು ಆಕೆ ಪತ್ರ ಚಾಚಿದಳು. ಕಾಕಾ ಅದನ್ನು ಓದಿ, ಎಲ್ಲರೆದುರು ನನ್ನ ಬೆನ್ನು ತಟ್ಟಿದ: "ಒಂದೂ ತಪ್ಪಿಲ್ಲ ನೋಡ್ರಿ."